ಬಿಲ್ಲಾಗದ ಫುಟ್‌ಪಾತು

ನನ್ನ ಎಡಗಾಲಿನ ಚಪ್ಪಲಿ ಯಾವಾಗಲೂ ಬಲಗಾಲಿನದಕ್ಕಿಂತ ಮೊದಲೇ ಸವೆಯುತ್ತದೆ. ರಿಪೇರಿಯವನು ನನ್ನ ನಡಿಗೆಯಲ್ಲೇ ದೋಷವಿದೆಯೆಂದು ತೀರ್ಮಾನಿಸಿಬಿಟ್ಟಿದ್ದಾನೆ. ನಿಮ್ಮಲ್ಲಿ ಮುಚ್ಚಿಡುವುದೇನು, ದೋಷ ನಡಿಗೆಯದಲ್ಲ, ಸ್ವಭಾವದ್ದು. ದಿನಾ ಬೆಳಿಗ್ಗೆ ತಿಲಕ್ ನಗರದ ಒಂದು ಫುಟ್‌ಪಾತಿನ ಚಪ್ಪಡಿಗಳನ್ನೆಲ್ಲ ಎಡಗಾಲಿನಿಂದ ಗುದ್ದಿ ಪರೀಕ್ಷಿಸುತ್ತಾ ನಡೆಯುವುದು ನನ್ನ ಅಭ್ಯಾಸ. ಆ ಫುಟ್‌ಪಾತು ಸರ್ಕಾರಿ ಗುತ್ತಿಗೆ ಹಿಡಿದು, ಹೆಂಡತಿ ನಾಗರತ್ನಳ ಸರವನ್ನು ಬ್ಯಾಂಕಿನಲ್ಲಿ ಅಡವಿಟ್ಟು ನಾನೇ ಕಟ್ಟಿದ್ದು. ಬಿಲ್ಲಿನ ಹಣ ಮಾತ್ರ ಇವತ್ತಿಗೂ ಬಂದಿಲ್ಲ.

ಹೀಗಾಗಿ ಶಾಲೆಯ ಮಕ್ಕಳು, ವಾಕಿಂಗಿನ ಅಂಕಲ್‌ಗಳು, ಟ್ರಾಫಿಕ್ ತಪ್ಪಿಸಲು ಫುಟ್‌ಪಾತಿಗೇ ನುಗ್ಗುವ ಸ್ಕೂಟರಿನ ಮಹಾನುಭಾವರು, ಎಲ್ಲರೂ ನನ್ನ ಖರ್ಚಿನಲ್ಲೇ ಓಡಾಡುತ್ತಿದ್ದಾರೆಂದು ಗತ್ತೂ ಹೊಟ್ಟೆಯುರಿಯೂ ನನಗೆ ಒಟ್ಟಿಗೇ ಬರುತ್ತಿದ್ದವು. ಎಳನೀರಿನ ಗಾಡಿಯ ಮುಂದಿನ ಒಂದು ಚಪ್ಪಡಿ ಎರಡು ವರ್ಷದಿಂದ ಅಲ್ಲಾಡುತ್ತಿತ್ತು. ಒಂದು ಬಾಂಡ್ಲಿ ಗಾರೆಯ ಕೆಲಸ, ಆದರೂ ದುಡ್ಡು ಬರಲಿ ಆಮೇಲೆ ನೋಡೋಣವೆಂದು ಹಟದಿಂದ ಬಿಟ್ಟಿದ್ದೆ. ನಾಗರತ್ನಳದು ಇನ್ನೂ ದೊಡ್ಡ ಹಟ. ಆಟೋಗಳು ಮೈಮೇಲೆ ಬಂದರೂ ಅವಳು ಪಕ್ಕದ ರಸ್ತೆಯಲ್ಲೇ ನಡೆದಳೇ ಹೊರತು ದುಡ್ಡು ಬರದ ಆ ಫುಟ್‌ಪಾತಿನ ಮೇಲೆ ಕಾಲಿಡಲಿಲ್ಲ.

ತಪ್ಪು ನನ್ನದೇ. ಗುತ್ತಿಗೆ ಕೊಟ್ಟ ಕಚೇರಿಗೆ ಕಾಗದ ಬರೆದರೆ ಸಂಬಂಧ ಕೆಡುತ್ತದೆ, ಮುಂದಿನ ಕೆಲಸ ತಪ್ಪುತ್ತದೆ ಎಂಬ ಭಯವನ್ನೇ ನಾವು ಗುತ್ತಿಗೆದಾರರು ದಾಕ್ಷಿಣ್ಯವೆಂದು ಕರೆದುಕೊಳ್ಳುತ್ತೇವೆ. ಪ್ರತಿ ಆಯುಧಪೂಜೆಗೂ ಕಡ್ಲೆಪುರಿ, ಸ್ವೀಟು ಹೊತ್ತು ಕಚೇರಿಗೆ ಹೋಗುತ್ತಿದ್ದೆ. "ಮುಂದಿನ ಗ್ರಾಂಟಲ್ಲಿ ಮಾಡ್ಕೊಡ್ತೀವಿ ಬಿಡಿ ಸಾರ್" ಎಂಬ ಮಾತನ್ನು ಪ್ರಸಾದದಂತೆ ಸ್ವೀಕರಿಸಿ ಮರಳುತ್ತಿದ್ದೆ. ನಾಲ್ಕನೆಯ ಪೂಜೆಯೂ ಮುಗಿದ ಮೇಲೆ ಜಯನಗರದ ವಕೀಲೆಯೊಬ್ಬರ ಮುಂದೆ ಹೋಗಿ ಕೂತರೆ, ಅವರು ತಲೆಯ ಮೇಲೆ ಕೈಹೊತ್ತರು.

"ಕೆಲಸ ಮುಗಿದ ಮೂರು ವರ್ಷದೊಳಗೆ ಕೋರ್ಟಿಗೆ ಬರ್ಬೇಕಿತ್ತು ಸಾರ್. ಇಲ್ಲಾಂದ್ರೆ ಅಷ್ಟರೊಳಗೆ, ಬಾಕಿ ಇದೆ ಅಂತ ಅವ್ರು ಸೈನ್ ಮಾಡಿದ ಒಂದು ಕಾಗದ ಆದ್ರೂ ಬೇಕು. ಕಡ್ಲೆಪುರಿಗೆ ಯಾರೂ ಸೈನ್ ಹಾಕ್ಕೊಡಲ್ಲ."

ಮನೆಗೆ ಬಂದು ಇದನ್ನು ಹೇಳಿದೆ. ನಾಗರತ್ನ ದೇವರ ಗೂಡಿನ ವ್ರತದ ಪುಸ್ತಕಗಳ ಅಡಿಯಿಂದ ಒಂದು ಲಕೋಟೆ ತೆಗೆದಳು. ಎರಡನೆಯ ವರ್ಷವೇ, ನನಗೆ ಹೇಳದೆ, ತನ್ನ ದುಂಡು ಅಕ್ಷರದಲ್ಲಿ ಬಾಕಿ ಕೇಳಿ ಕಾಗದ ಬರೆದು ಕಚೇರಿಗೆ ರಿಜಿಸ್ಟರ್ಡ್ ಪೋಸ್ಟ್ ಮಾಡಿದ್ದಳಂತೆ. ಬಂದ ಉತ್ತರ ಅದರಲ್ಲಿತ್ತು: ಕಾಮಗಾರಿ ಪೂರ್ಣಗೊಂಡಿದೆ, ಬಿಲ್ಲು ಬಾಕಿಯಿದೆ, ಅನುದಾನ ಬಂದ ಕೂಡಲೇ ಪಾವತಿಸಲಾಗುವುದು. ಕೆಳಗೆ ಸಹಿ, ಮೊಹರು.

"ಆಗ್ಲೇ ತೋರಿಸಿದ್ರೆ ಸಂಬಂಧ ಕೆಡಿಸ್ದೆ ಅಂತ ಕೂಗಾಡ್ತಿದ್ರಿ" ಎಂದಳು. ಕೂಗಾಡುತ್ತಿದ್ದೆ, ನಿಜ.

ಆ ಒಂದು ಹಾಳೆಯ ಬಲದಿಂದಲೇ ದಾವೆ ಹೂಡಿದೆವು. ತಡವಾಗಿದೆ, ವಜಾ ಮಾಡಿ ಎಂದು ಎದುರಿನವರು ವಾದಿಸಿದರು. ನಿನ್ನೆ ನ್ಯಾಯಾಧೀಶರು, ಮೂರು ವರ್ಷವನ್ನು ಆ ಕಾಗದದ ದಿನದಿಂದ ಎಣಿಸಿದರೆ ದಾವೆ ಅವಧಿಯೊಳಗೇ ಇದೆ, ವಿಚಾರಣೆ ಮುಂದುವರಿಯಲಿ ಎಂದುಬಿಟ್ಟರು! ಗೆಳೆಯರೇ, ಒಂದು ರೂಪಾಯಿಯೂ ಕೈಗೆ ಬಂದಿಲ್ಲ, ಆದರೂ ನನಗೆ ನೆಲದ ಮೇಲೆ ಕಾಲು ನಿಲ್ಲಲಿಲ್ಲ. ಕೋರ್ಟಿನ ಮೆಟ್ಟಿಲ ಮೇಲೆ, ಅಷ್ಟೊಂದು ಕರಿಕೋಟುಗಳ ನಡುವೆ, ಹೆಂಡತಿಯ ಕೈ ಹಿಡಿದುಕೊಂಡೆ. "ಬಿಡ್ರಿ, ಎಲ್ಲಾ ನೋಡ್ತಾರೆ" ಎಂದಳು, ಕೈ ಮಾತ್ರ ಬಿಡಿಸಿಕೊಳ್ಳಲಿಲ್ಲ.

ಇವತ್ತು ಬೆಳಿಗ್ಗೆ ಅವಳೂ ನನ್ನ ಜೊತೆ ಹೊರಟಳು. ತಿರುವಿನಲ್ಲಿ ಒಂದು ಗಳಿಗೆ ನಿಂತು, ಸೀರೆಯ ನಿರಿಗೆ ಎತ್ತಿ ಹಿಡಿದು, ಫುಟ್‌ಪಾತು ಹತ್ತಿದಳು.

"ದುಡ್ಡಿನ್ನೂ ಬಂದಿಲ್ವಲ್ಲೇ?" ಎಂದೆ, ಸಂತೋಷ ತಡೆಯಲಾರದೆ.

"ಇಷ್ಟು ವರ್ಷಕ್ಕೆ ನಿಮ್ಮ ಮಾತು ಯಾರೋ ಒಬ್ರು ಕೇಳಿಸ್ಕೊಂಡ್ರಲ್ಲ" ಎಂದು ನಾಲ್ಕು ಹೆಜ್ಜೆ ಇಟ್ಟಳು. ಐದನೆಯದು ಎಳನೀರಿನ ಗಾಡಿಯ ಮುಂದಿನ ಚಪ್ಪಡಿ. ಅದು ಅಲ್ಲಾಡಿತು. ಅವಳು ಗಾಡಿಯನ್ನು ಹಿಡಿದುಕೊಂಡು, ಚಪ್ಪಡಿಯನ್ನೊಮ್ಮೆ, ನನ್ನನ್ನೊಮ್ಮೆ ನೋಡಿದಳು.

"ಇದು ನೀವು ಕಟ್ಟಿದ್ದಾ?"

ಯಾವ ಕೋರ್ಟಿನಲ್ಲೂ ನನ್ನನ್ನು ಯಾರೂ ಹೀಗೆ ಕೇಳಿರಲಿಲ್ಲ. ಮನೆಗೆ ಓಡಿದೆ, ಈ ವಯಸ್ಸಿನಲ್ಲಿ, ನಿಜವಾಗಿಯೂ ಓಡಿದೆ. ಸಿಮೆಂಟು, ಮರಳು, ಹಳೆಯ ಕರಣೆ ತಂದು ಚಪ್ಪಡಿಯನ್ನು ಕೂರಿಸಿ, ಎಡಗಾಲು ಎತ್ತಿದೆ, ಗುದ್ದಿ ನೋಡಲು.

"ಒಣಗೋವರೆಗೂ ತಡೀರಿ" ಎಂದು ನಾಗರತ್ನ ಗದರಿದಳು. ಗಾರೆ ಮೆತ್ತಿದ ಚಪ್ಪಲಿಯನ್ನು ಕಳಚಿ ಕೈಯಲ್ಲಿ ಹಿಡಿದು ನಾನು ದೂರ ನಿಂತೆ. ಅವಳು ಎಳನೀರಿನವನ ಸ್ಟೂಲು ಎಳೆದು ಚಪ್ಪಡಿಯ ಪಕ್ಕ ಕಾವಲು ಕೂತು, ಬಂದವರಿಗೆಲ್ಲ ರಸ್ತೆ ತೋರಿಸುತ್ತಿದ್ದಳು: "ಹಸಿ ಗಾರೆ ಸಾರ್, ತುಳೀಬೇಡಿ. ನಮ್ಮನೆಯವರ ಕೆಲಸ."