ಅತ್ತೆ ತಿಂದ ಕೋಳಿ ಕಾಲು

ಹುಲಗೋಳದ ನಮ್ಮ ಮನೆಯಲ್ಲಿ ಅತ್ತೆ ಕೋಳಿ ಮುಟ್ಟದೆ ಹನ್ನೊಂದು ವರ್ಷವಾಗಿತ್ತು. ಮಾವ ತೀರಿಕೊಂಡ ದುಃಖಕ್ಕೆ ಬಿಟ್ಟರು ಎಂದು ನಾವೆಲ್ಲ ಅಂದುಕೊಂಡಿದ್ದೆವು.

ಕಳೆದ ವರ್ಷ ತಂಗಿ ನನಗೆ ಇಡೀ ದಿನ ನಿಧಾನಕ್ಕೆ ಬೇಯಿಸುವ ಕರೆಂಟಿನ ಸ್ಲೋ ಕುಕ್ಕರ್ ಒಂದನ್ನು ಕೊಟ್ಟಳು. ಒಂದು ಶನಿವಾರ ಬೆಳಿಗ್ಗೆ ಕೋಳಿ, ಈರುಳ್ಳಿ, ಹುರಿದು ರುಬ್ಬಿದ ಕಾಯಿ ಮಸಾಲೆ ಎಲ್ಲವನ್ನೂ ಅದಕ್ಕೆ ಹಾಕಿ, ಸ್ವಿಚ್ ಒತ್ತಿ, ಶಿರಸಿಯ ಹೊಲಿಗೆ ಅಂಗಡಿಗೆ ಕೆಲಸಕ್ಕೆ ಹೋದೆ. ಸಂಜೆ ಬಂದು ಮುಚ್ಚಳ ತೆಗೆದರೆ ಗ್ರೇವಿ ದಪ್ಪಗಾಗಿತ್ತು, ಮಾಂಸ ಮೂಳೆ ಬಿಡುವಷ್ಟು ಬೆಂದಿತ್ತು. ಆದರೆ ಒಂದು ಕಾಲು ಇರಲಿಲ್ಲ.

"ಮನೆಗೆ ಯಾರಾದ್ರೂ ಬಂದಿದ್ರಾ, ಅತ್ತೆ?"

"ಯಾರೂ ಬರ್ಲಿಲ್ಲ. ನಾನೇ ತಿಂದೆ," ಎಂದರು, ಹೂ ಕಟ್ಟುತ್ತಲೇ.

"ಮಾವ ಹೋದ್ಮೇಲೆ ನೀವು ಬಿಟ್ಟಿದ್ರಲ್ಲ?"

"ಅವ್ರಿಗೋಸ್ಕರ ಎಂತಕ್ಕೆ ಬಿಡ್ಲಿ? ನಲವತ್ತು ವರ್ಷ ನಾನೇ ಬೇಯ್ಸಿ ಬಡಿಸ್ದೆ. ನಾ ಕೂತ್ಕೊಳ್ಳೋ ಹೊತ್ತಿಗೆ ಪಾತ್ರೇಲಿ ಬರೀ ರಸ. ಅದನ್ನ ಬಳ್ಕೊಂಡು ಉಣ್ಣೂದು ಸಾಕಾಗಿತ್ತು. ಅವ್ರು ಹೋದ್ಮೇಲೆ ಬಿಟ್ಟೆ ಅಂದೆ, ಯಾರೂ ಯಾಕೆ ಅಂತ ಕೇಳ್ಲಿಲ್ಲ. ಇವತ್ತು ಅದು ತನ್ನಷ್ಟಕ್ಕೇ ಬೇಯ್ತು, ಬಡಿಸ್ಲಿಕ್ಕೂ ಯಾರೂ ಇರ್ಲಿಲ್ಲ, ಮೊದ್ಲು ನಾನೇ ತಿಂದೆ."

ಅವರ ದನಿಯಲ್ಲಿ ಸಿಟ್ಟಿರಲಿಲ್ಲ. ಮದುವೆಯಾಗಿ ಬಂದ ಮೇಲೆ ಎಷ್ಟೋ ವರ್ಷ ಅವರೇ ಬಡಿಸಿದ್ದನ್ನು ಉಂಡಿದ್ದೆ. ಅವರ ತಟ್ಟೆಯಲ್ಲಿ ಏನಿದೆ ಎಂದು ಒಮ್ಮೆಯೂ ನೋಡಿರಲಿಲ್ಲ.

ಆ ರಾತ್ರಿ ಅವರನ್ನೇ ಮೊದಲು ಕೂರಿಸಿ, ದೊಡ್ಡ ತುಂಡುಗಳನ್ನು ಆರಿಸಿ ಬಡಿಸಿದೆ. ತಾಯಿ ಮೂಳೆ ಚೀಪುವುದನ್ನು ನೋಡಿದ ಗಂಡ ನೀರಿನ ಲೋಟವನ್ನು ಅವರ ಹತ್ತಿರಕ್ಕೆ ಸರಿಸಿದ.