ಸುಡುಗಾಡಿನಿಂದ ಎಬ್ಬಿಸುವ ರೂಲು

ಅಕ್ಷರ ಬಂದೂ ಓದದವರನ್ನು ಕಂಡರೆ ನನಗೆ ಮೈಯೆಲ್ಲ ಉರಿಯುತ್ತದೆ. ಮಳವಳ್ಳಿಯ ಹೈಸ್ಕೂಲಿನಲ್ಲಿ ಗಣಿತ ಕಲಿಸುವ ನಾನು ವಾರವಿಡೀ ಅಂಥವರ ನಡುವೆಯೇ ಇರುತ್ತೇನೆ. ಪ್ರಶ್ನೆಯನ್ನು ಅರ್ಧ ಓದಿ ಪೂರ್ತಿ ಉತ್ತರ ಬರೆಯುವ ಜಾತಿ ಅದು. ಭಾನುವಾರವಾದರೂ ನೆಮ್ಮದಿಯಿಂದ ಇರೋಣ ಎಂದು ಬಸ್ಸು ಹತ್ತಿ ಮದ್ದೂರಿಗೆ ಹೋದರೆ, ಅದೇ ಜಾತಿ ತಲೆ ನರೆಸಿಕೊಂಡು ಅಲ್ಲಿಯೂ ಕೂತಿರುತ್ತದೆ.

ಮದ್ದೂರಿನಲ್ಲಿ ನನ್ನ ಗೆಳೆಯನ ಗೋಡೌನು ಇದೆ. ಅವನ ಊರು ಅಲ್ಲೇ ಹತ್ತಿರದ ಕೊಪ್ಪ, ವ್ಯಾಪಾರ ಪೈಪು ಮತ್ತು ಪಂಪ್‌ಸೆಟ್ಟಿನದು. ಕಾಲೇಜಿನಲ್ಲಿ ನಾವಿಬ್ಬರೂ ಒಂದೇ ಬೆಂಚಿನವರು. ಆಗ ನನ್ನ ಹಾಳೆ ನೋಡಿ ಬರೆಯುತ್ತಿದ್ದ, ಈಗ ನನ್ನ ಸಂಬಳದ ಹತ್ತು ಪಟ್ಟು ದುಡಿಯುತ್ತಾನೆ. ಮಳವಳ್ಳಿ ಕಡೆ ಬಂದಾಗಲೆಲ್ಲ ನಮ್ಮ ಮನೆಗೆ ನುಗ್ಗಿ, ಯಾರನ್ನೂ ಕೇಳದೆ ಅಡುಗೆಮನೆಗೆ ಹೋಗಿ ನೀರು ಕುಡಿದು, ಸಾರಿನ ಪಾತ್ರೆಯ ಮುಚ್ಚಳ ತೆಗೆದು ನೋಡುವ ಮನುಷ್ಯ. ಅವನ ಗೋಡೌನಿನಲ್ಲಿ ಪೈಪುಗಳ ನಡುವೆ ಟೇಬಲ್ಲು ಹಾಕಿಕೊಂಡು ನಾವು ನಾಲ್ವರು ಕಾರ್ಡು ಆಡುತ್ತೇವೆ.

ಕಾರ್ಡು ಎಂದೊಡನೆ ಇಸ್ಪೀಟು ಎಂದುಕೊಳ್ಳುವವರಿಗೆ ವಿವರಿಸಿ ವಿವರಿಸಿ ನನಗೆ ಸಾಕಾಗಿದೆ. ಪಕ್ಕದ ಟೈರ್ ಅಂಗಡಿಯವನು ಒಮ್ಮೆ ಇಣುಕಿ ನೋಡಿ, “ಏನ್ ಮೇಷ್ಟ್ರೇ, ಅಂದರ್ ಬಾಹರ್ರಾ?” ಎಂದ. ಅವನಿಗೆ ಉತ್ತರ ಕೊಡುವಷ್ಟು ಕೆಳಗಿಳಿಯಲಿಲ್ಲ. ಇದು ರಾಕ್ಷಸರ ಆಟ. ಒಂದೊಂದು ಕಾರ್ಡಿನ ಮೇಲೂ ಒಬ್ಬ ರಾಕ್ಷಸ, ಅವನ ಕೆಳಗೆ ಸಣ್ಣಕ್ಷರದಲ್ಲಿ ಅವನ ನಿಯಮ. ಕೈಯಲ್ಲಿರುವ ರಾಕ್ಷಸನನ್ನು ಕರೆಸಿ ಕಣಕ್ಕಿಳಿಸಬೇಕು, ಎದುರಾಳಿಯ ರಾಕ್ಷಸನನ್ನು ಬಡಿಯಬೇಕು. ಸತ್ತವರು ಒಂದು ಮೂಲೆಗೆ ಹೋಗಿ ಬೀಳುತ್ತಾರೆ. ಆ ಮೂಲೆಗೆ ನಾವು ಇಟ್ಟ ಹೆಸರು ಸುಡುಗಾಡು. ಅಲ್ಲಿಂದ ಮತ್ತೆ ಎಬ್ಬಿಸುವುದಕ್ಕೂ ಬೇರೆ ಕಾರ್ಡಿದೆ.

ಈ ಆಟ ಮೊದಲು ನನ್ನ ಗೆಳೆಯನ ಮಗಳದು. ಅವಳು ಓದಲು ಹಾಸ್ಟೆಲಿಗೆ ಹೋದಾಗ ಕಾರ್ಡುಗಳನ್ನು ಮನೆಯಲ್ಲೇ ಬಿಟ್ಟುಹೋದಳು. ಇವನು ಅವುಗಳನ್ನು ಗೋಡೌನಿಗೆ ತಂದ. ಅದರಲ್ಲಿ ಮಗಳ ಮೆಚ್ಚಿನದೊಂದು ರೆಕ್ಕೆಯ ರಾಕ್ಷಸನ ಕಾರ್ಡು ಇತ್ತು. ಇವನು ಅದನ್ನು ಪೂಜೆಗೆ ಇಡುವುದೊಂದು ಬಾಕಿ.

ಉಳಿದ ಇಬ್ಬರ ವಿಷಯ ಹೇಳದಿದ್ದರೂ ನಡೆಯುತ್ತಿತ್ತು. ಒಬ್ಬ ಮಳವಳ್ಳಿಯಾಚೆಯ ಬ್ಲಫ್ ಎಂಬ ಊರಿನ ವಿದ್ಯುತ್ ಕೇಂದ್ರದ ನೌಕರ. ಸೋತರೂ ಗೆದ್ದರೂ ಒಂದೇ ಮುಖ. ಇನ್ನೊಬ್ಬ ಮಂಡ್ಯದವನು, ಇಂಜಿನಿಯರಿಂಗ್ ಕಾಲೇಜಿನ ಲೆಕ್ಚರರ್. ಕಾರ್ಡಿನ ಮೇಲೆ ಅಚ್ಚಾಗಿರುವುದನ್ನು ಓದುವ ಬದಲು ಮೊಬೈಲಿನಲ್ಲಿ ಯಾರೋ ಅದರ ಬಗ್ಗೆ ಮಾತಾಡುವ ವಿಡಿಯೋ ಹುಡುಕುತ್ತಾನೆ. ಇವನ ಕೈಯಲ್ಲಿ ಕಲಿತವರು ಕಟ್ಟಿದ ಸೇತುವೆಯ ಮೇಲೆ ನಾನಂತೂ ಓಡಾಡುವುದಿಲ್ಲ.

ಆ ಭಾನುವಾರ ನನ್ನ ಗೆಳೆಯ ರೆಕ್ಕೆಯ ರಾಕ್ಷಸನನ್ನು ಕೈಯಿಂದ ನೇರವಾಗಿ ಸುಡುಗಾಡಿಗೆ ಎಸೆದ. ಎಸೆದು, ಎಬ್ಬಿಸುವ ಕಾರ್ಡನ್ನು ಟೇಬಲ್ಲಿಗೆ ಬಡಿದು, ರಾಕ್ಷಸನನ್ನು ಎತ್ತಿ ಕಣದ ನಡುವೆ ಇಟ್ಟು ಮೀಸೆ ತಿರುವಿದ. ಬ್ಲಫ್‌ನವನು ತಲೆಯಾಡಿಸಿದ. ಲೆಕ್ಚರರ್ ಮೊಬೈಲು ತೆಗೆದ.

“ಆಗಲ್ಲ,” ಎಂದೆ.

“ಯಾಕ್ಲಾ ಆಗಕಿಲ್ಲ? ಸುಡುಗಾಡಲ್ಲಿರೋ ಯಾರ್ನ ಬೇಕಾದ್ರೂ ಎಬ್ಬಿಸ್ಬೋದು ಅಂತ ಇದ್ರಲ್ಲೇ ಬರ್ದದೆ, ನೋಡು,” ಎಂದು ಎಬ್ಬಿಸುವ ಕಾರ್ಡನ್ನು ನನ್ನ ಮೂಗಿನ ಹತ್ತಿರ ಹಿಡಿದ.

“ಅದನ್ನ ಓದಿದೆಯಲ್ಲ, ಇದನ್ನೂ ಓದು,” ಎಂದು ರಾಕ್ಷಸನ ಕಾರ್ಡನ್ನು ಅವನ ಕೈಗೆ ಕೊಟ್ಟೆ. ಓದಿದ. ಅರ್ಥವಾಗಲಿಲ್ಲ. ಆಗಿದ್ದರೆ ಕಾಲೇಜಿನಲ್ಲಿ ನನ್ನ ಹಾಳೆ ನೋಡಬೇಕಿರಲಿಲ್ಲ.

ರೂಲು ಬಹಳ ಸರಳ. ಸಾದಾ ರಾಕ್ಷಸರಿದ್ದಾರೆ, ಅವರು ಕೈಯಿಂದ ಎದ್ದು ಬಂದು ಕಣದಲ್ಲಿ ನಿಲ್ಲುತ್ತಾರೆ. ಅವರು ಹೇಗೆ ಸತ್ತರೂ ಸುಡುಗಾಡಿನಿಂದ ಎಬ್ಬಿಸಬಹುದು, ಯಾರದೂ ತಕರಾರಿಲ್ಲ. ರೆಕ್ಕೆಯವನಂಥ ಸ್ಪೆಷಲ್ ರಾಕ್ಷಸರು ಬೇರೆ. ತಮ್ಮನ್ನು ಹೀಗೇ ಕರೆಸಬೇಕು, ಇಂಥಿಂಥ ಕಾರ್ಡು ಬಲಿ ಕೊಟ್ಟೇ ಕರೆಸಬೇಕು ಎಂದು ಅವರ ಮೇಲೆಯೇ ಬರೆದಿರುತ್ತದೆ. ಹಾಗೆ ಕ್ರಮವಾಗಿ ಒಮ್ಮೆ ಕರೆಸಿಕೊಂಡು ಬಂದವನು ಸತ್ತರೆ, ಆಮೇಲೆ ಎಬ್ಬಿಸಬಹುದು. ಒಮ್ಮೆಯೂ ಕ್ರಮವಾಗಿ ಬಾರದೆ ನೇರ ಸುಡುಗಾಡಿಗೆ ಬಿದ್ದವನನ್ನು ಎಬ್ಬಿಸುವಂತಿಲ್ಲ. ಅವನನ್ನು ಹೇಗಾದರೂ ಕಾರ್ಡಿನ ಕಟ್ಟಿಗೆ ವಾಪಸ್ ಸೇರಿಸಿ, ಮೊದಲಿನಿಂದ ಕರೆಸಬೇಕು.

ಇಷ್ಟನ್ನು ಎರಡು ಸಲ ಹೇಳಿದೆ. ಮೂವರೂ ಬಾಯಿಬಿಟ್ಟುಕೊಂಡು ನೋಡಿದರು. ಆಗ ಇವರಿಗೆ ಇವರ ಭಾಷೆಯಲ್ಲೇ ಹೇಳಬೇಕು ಎನಿಸಿತು.

“ಮದುವೆಗೇ ಕರೀದೆ ಇರೋ ನೆಂಟನ್ನ ಬೀಗರೂಟಕ್ಕೆ ಫೋನ್ ಮಾಡಿ ಕರೆದ್ರೆ ಬತ್ತಾನೇನ್ಲಾ?”

ನಮ್ಮ ಸೀಮೆಯಲ್ಲಿ ಇದು ಚಿಕ್ಕ ಮಕ್ಕಳಿಗೂ ಗೊತ್ತು. ಮದುವೆಗೆ ಗಂಡ ಹೆಂಡತಿ ಇಬ್ಬರೂ ಮನೆಗೆ ಬಂದು, ಕುಂಕುಮವಿಟ್ಟು, ಎಲೆಅಡಿಕೆ ಕೊಟ್ಟು, ಹೆಸರು ಹಿಡಿದು ಕರೆಯಬೇಕು. ಹಾಗೆ ಕರೆಸಿಕೊಂಡವರನ್ನು ಆಮೇಲಿನ ಬೀಗರ ಬಾಡೂಟಕ್ಕೆ ಫೋನಿನಲ್ಲಿ ಕರೆದರೂ ಬರುತ್ತಾರೆ, ಬಂದು ಎರಡು ಸಲ ಬಡಿಸಿಕೊಳ್ಳುತ್ತಾರೆ. ಮೊದಲನೆಯದಿಲ್ಲದೆ ಎರಡನೆಯದಕ್ಕೆ ಕರೆದರೆ ಸಾಯುವತನಕ ಮಾತು ಬಿಡುತ್ತಾರೆ.

“ಬರಕಿಲ್ಲ,” ಎಂದ ಗೆಳೆಯ.

“ಅಂಗೇ ಇವನೂ ಬರಕಿಲ್ಲ. ಮಗಳ ಕಾರ್ಡು ಹಿಡ್ಕಂಡು ಕುಣಿಯೋದಲ್ಲ, ಮೊದಲು ಅವಳ ಹತ್ರ ಹೋಗಿ ಆಟ ಕಲಿ,” ಎಂದೆ.

ಇಬ್ಬರೂ ನಕ್ಕರು. ಅವನೂ ನಕ್ಕ. ರಾಕ್ಷಸನನ್ನು ಎತ್ತಿ ಸುಡುಗಾಡಿನಲ್ಲಿ ಹಿಂದಕ್ಕಿಟ್ಟ.

ಕೆಲವು ತಿಂಗಳಲ್ಲಿ ಆ ಮಗಳ ಮದುವೆ ಗೊತ್ತಾಯಿತು. ಲೆಕ್ಚರರ್ ಫೋನು ಮಾಡಿ, ಗಂಡ ಹೆಂಡತಿ ಮನೆಗೆ ಬಂದು ಕರೆದುಹೋದರೆಂದು ಹೇಳಿದ. ಬ್ಲಫ್‌ನವನ ಮನೆಗೂ ಹೋಗಿದ್ದರಂತೆ. ಕೊಪ್ಪದಿಂದ ಬ್ಲಫ್‌ಗೆ ಹೋಗಲು ಮಳವಳ್ಳಿ ದಾಟಬೇಕು. ಅಂದರೆ ನನ್ನ ಊರಿನ ಮೇಲೆ ಕಾರಿನಲ್ಲಿ ಹೋಗಿ, ಅದೇ ದಾರಿಯಲ್ಲಿ ಹಿಂದಿರುಗಿದ್ದಾರೆ. ನನಗೆ ಬಂದದ್ದು ವಾಟ್ಸಾಪಿನಲ್ಲಿ ಲಗ್ನಪತ್ರಿಕೆಯ ಒಂದು ಫೋಟೋ. ಜೊತೆಗೆ ಒಂದಕ್ಷರವಿಲ್ಲ. ಫೋಟೋದ ಅಂಚಿನಲ್ಲಿ ಅವನ ಹೆಬ್ಬೆರಳು ಬೇರೆ ಬಿದ್ದಿತ್ತು.

“ಬಂದದಲ್ಲ, ಓಗಿಬರಣ. ಮಗು ನಮ್ ಕಣ್ಮುಂದೆ ಬೆಳ್ದದ್ದು ಕಣ್ರೀ,” ಎಂದಳು ನನ್ನ ಹೆಂಡತಿ.

“ಹೆಬ್ಬೆರಳು ಕರೆದರೆ ನಾನು ಹೋಗುವುದಿಲ್ಲ,” ಎಂದೆ.

ಮದುವೆಯ ದಿನ ಮನೆಯಲ್ಲಿ ಕೂತು ಹುಡುಗರ ಉತ್ತರ ಪತ್ರಿಕೆ ತಿದ್ದಿದೆ. ಅಂದು ನನ್ನ ಪೆನ್ನಿಗೆ ಸಿಕ್ಕಿಬಿದ್ದವರಿಗೆ ಒಂದೊಂದು ಅಂಕವೂ ಕಷ್ಟವಾಗಿರಬೇಕು. ಈಗಿನ ಮದುವೆಗಳಲ್ಲಿ ತಪ್ಪಿಸಿಕೊಳ್ಳುವಂಥದ್ದೇನಿದೆ? ತಲೆಯ ಮೇಲೆ ಗುಯ್‌ಗುಡುವ ಕ್ಯಾಮೆರಾ, ಊಟಕ್ಕೆ ಕೂತವರ ಬೆನ್ನಿಗೇ ಮುಂದಿನ ಪಂಕ್ತಿಯವರು. ಹೀಗೆ ಬೈದುಕೊಂಡು ಸಂಜೆ ಮಾಡಿದೆ.

ಆದರೆ ಬೀಗರೂಟಕ್ಕೆ ಕಾದೆ. ಫೋನು ಮಾಡಿಯೇ ಮಾಡುತ್ತಾನೆ, ಆಗ ಅವನಿಗೆ ಅವನ ಸ್ಥಾನ ತೋರಿಸಬೇಕು ಎಂದು ಮಾತುಗಳನ್ನು ಜೋಡಿಸಿಟ್ಟುಕೊಂಡಿದ್ದೆ. ಸ್ನಾನಕ್ಕೆ ಹೋದಾಗಲೂ ಫೋನನ್ನು ಬಚ್ಚಲಿನ ಗೂಡಿನಲ್ಲಿಟ್ಟುಕೊಂಡೆ. ಫೋನು ಬಂತು, ಬೀಗರೂಟದ ದಿನವೇ. ಮಾಡಿದವನು ಲೆಕ್ಚರರ್. “ಎಲ್ಲಿದೀರಾ ಮೇಷ್ಟ್ರೇ? ಎಲೆ ಹಾಕ್ತಾವ್ರೆ,” ಎಂದ. ಜ್ವರ ಎಂದು ಹೇಳಿ ಇಟ್ಟೆ. ಜೋಡಿಸಿಟ್ಟ ಮಾತುಗಳೆಲ್ಲ ಹೊಟ್ಟೆಯಲ್ಲೇ ಉಳಿದವು. ಅಂದು ರಾತ್ರಿ ಅನ್ನ ಸೇರಲಿಲ್ಲ. ನನಗೆ ಇರುವುದು ಅವನೊಬ್ಬನೇ ಗೆಳೆಯ, ಅವನು ನನ್ನನ್ನು ಕೈಬಿಟ್ಟ ಎಂದು ಸಂಕಟವಾಯಿತು.

ಗೋಡೌನಿಗೆ ಹೋಗುವುದನ್ನು ಬಿಟ್ಟೆ. ಹೀಗಿರುವಾಗ ಒಂದು ಬೆಳಿಗ್ಗೆ ಗಂಡ ಹೆಂಡತಿ ಇಬ್ಬರೂ ನಮ್ಮ ಬಾಗಿಲಲ್ಲಿ ನಿಂತಿದ್ದರು. ಅವನು ಬಿಳಿ ಪಂಚೆ ಉಟ್ಟಿದ್ದ. ಅವಳ ಕೈಯಲ್ಲಿ ತಟ್ಟೆ. ತಟ್ಟೆಯಲ್ಲಿ ಎಲೆ, ಅಡಿಕೆ, ಬಾಳೆಹಣ್ಣು, ಕುಂಕುಮದ ಬಟ್ಟಲು, ಮೂಲೆಗೆ ಅರಿಶಿನ ಹಚ್ಚಿದ ಲಗ್ನಪತ್ರಿಕೆ.

ಅವನು ಅಡುಗೆಮನೆಗೆ ಹೋಗಲಿಲ್ಲ. ಕೂತುಕೊಳ್ಳಿ ಎಂದು ನನ್ನ ಹೆಂಡತಿ ಹೇಳುವವರೆಗೂ ನಿಂತೇ ಇದ್ದ, ಆಮೇಲೆ ಕುರ್ಚಿಯ ತುದಿಯಲ್ಲಿ ಕೂತ. ಅವನ ಹೆಂಡತಿ ನನ್ನವಳಿಗೆ ಕುಂಕುಮವಿಟ್ಟಳು. ಅವನು ಎದ್ದು ಎರಡೂ ಕೈಯಲ್ಲಿ ಪತ್ರಿಕೆಯನ್ನು ನನಗೆ ಕೊಟ್ಟ.

“ಮಗಳ ಮದ್ವೆ. ಮನೆಮಂದಿಯೆಲ್ಲ ಬರಬೇಕು ಮೇಷ್ಟ್ರೇ.”

“ತಾರೀಕು ಕಳೆದುಹೋಗಿದೆಯಲ್ಲೋ,” ಎಂದೆ. ಓದದೆ ಇರುವವನು ಅವನು, ನಾನಲ್ಲ.

“ನೀವ್ ಯೋಳಿದ್ ರೂಲಲ್ಲಿ ತಾರೀಕಿನ ಮಾತಿರ್ನಿಲ್ಲ. ಮೊದ್ಲಿಂದ ಕರೆಸ್ಬೇಕು ಅಂದಿದ್ರಿ.”

‘ನೀವು’ ಎಂದ. ಕಾಲೇಜಿನಿಂದ ಇಲ್ಲಿಯವರೆಗೆ ಅವನ ಬಾಯಲ್ಲಿ ನನಗೆ ‘ಲಾ’ ಬಿಟ್ಟು ಆ ಮಾತು ಬಂದಿರಲಿಲ್ಲ.

“ಹಾಗಾದರೆ ಬ್ಲಫ್‌ಗೆ ಹೋಗುವಾಗ ಕಣ್ಣು ಮುಚ್ಚಿಕೊಂಡಿದ್ದೆಯಾ?” ಎಂದು ಕೇಳಿದೆ. ನನ್ನ ದನಿ ಏರಿತ್ತು.

ಉತ್ತರ ಕೊಟ್ಟವಳು ಅವನ ಹೆಂಡತಿ. “ನಿಮ್ ಬೀದಿ ತಿರುವಲ್ಲಿ ನಾನೇ ಕೇಳ್ದೆ ಕಣಣ್ಣ, ಮೇಷ್ಟ್ರ ಮನೆಗೆ ಓಗದಿಲ್ವಾ ಅಂತ. ಅವ್ನು ನಮ್ಮನೆಯೋನು, ಮನೆಯೋರ್ನ ಯಾರಾದ್ರೂ ಕರೀತಾರಾ, ನಡಿ, ಅಂದ್ರು. ದಿನ ಗೊತ್ತಾಗ್ಲಿ ಅಂತ ಫೋಟೋ ಕಳುಸುದ್ರು. ಚಪ್ಪರದ ದಿನದಿಂದ ದಾರಿ ನೋಡುದ್ರು. ಧಾರೆ ಒತ್ನಲ್ಲೂ ಬಾಗ್ಲ ಕಡೀಕೇ ನೋಡ್ತಿದ್ರು.”

ಮನೆಯವರನ್ನು ಯಾರೂ ಕರೆಯುವುದಿಲ್ಲ. ಅದೂ ನಮ್ಮ ಸೀಮೆಯಲ್ಲಿ ಚಿಕ್ಕ ಮಕ್ಕಳಿಗೂ ಗೊತ್ತು.

“ಬೀಗರೂಟಕ್ಕೆ ಫೋನ್ ಮಾಡಣ ಅಂತ ಕೈಲಿ ಇಡ್ಕಂಡಿದ್ದೆ,” ಎಂದ ಅವನು ನೆಲ ನೋಡುತ್ತಾ. “ಆಗ ನೀವ್ ಯೋಳಿದ್ದು ನೆಪ್ಪಾಯ್ತು. ನೀವು ಸಾದಾ ಕಾರ್ಡು, ಎಂಗ್ ಬೇಕಾದ್ರೂ ಎಬ್ಬಿಸ್ಕೋಬೋದು ಅಂದ್ಕಂಡಿದ್ದೆ. ಸ್ಪೆಸಲ್ಲು ಅಂತ ಗೊತ್ತಿರ್ನಿಲ್ಲ.”

ಅವನು ಕೊಂಕು ಮಾತಾಡುವವನಲ್ಲ. ಅಷ್ಟು ಬುದ್ಧಿ ಅವನಿಗಿಲ್ಲ ಎಂದೇ ನಾನು ಇಷ್ಟು ವರ್ಷ ನಂಬಿದ್ದೆ.

“ಕಾಪಿ ಕುಡ್ಕಂಡ್ ಹೋಗು ಕಣ್ಲಾ,” ಎಂದೆ.

“ಇನ್ನೊಂದ್ ದಪ ಬತ್ತೀವಿ ಮೇಷ್ಟ್ರೇ,” ಎಂದು ಕೈಮುಗಿದು, ಚಪ್ಪಲಿ ಮೆಟ್ಟಿಕೊಂಡ. ಪತ್ರಿಕೆ ಕೊಡಲು ಬಂದವರು ಕಾಫಿಗೆ ನಿಲ್ಲುವುದಿಲ್ಲ, ಅವರಿಗೆ ಇನ್ನೂ ಹತ್ತು ಮನೆ ಇರುತ್ತದೆ. ಇವರಿಗೆ ಇದ್ದದ್ದು ನನ್ನ ಮನೆ ಒಂದೇ.

ಮರುದಿನ ಫೋನು ಮಾಡಿ, ಕೊಪ್ಪಕ್ಕೆ ಊಟಕ್ಕೆ ಬರಬೇಕೆಂದು ಕರೆದ. ಹೋದೆವು. ನಮಗಾಗಿಯೇ ನಾಟಿಕೋಳಿ ಕೊಯ್ಯಿಸಿದ್ದ. ಎಲೆಯ ಮುಂದೆ ನಿಂತು “ಇನ್ನೊಂಚೂರು ಆಕಿಸ್ಕಳಿ” ಎಂದು ಉಪಚಾರ ಮಾಡಿದ. ಬೀಗರಿಗೆ ಮಾಡುವಂಥ ಉಪಚಾರ.

ಈಗ ಭಾನುವಾರದ ಆಟ ಮತ್ತೆ ನಡೆಯುತ್ತದೆ. ಲೆಕ್ಚರರ್ ಇನ್ನೂ ವಿಡಿಯೋ ನೋಡುತ್ತಾನೆ, ಅವನಿಗೆ ಮೋಕ್ಷವಿಲ್ಲ. ನನ್ನ ಗೆಳೆಯ ಮಾತ್ರ ಕಾರ್ಡುಗಳನ್ನು ಪೂರ್ತಿ ಓದುತ್ತಾನೆ. ಕಳೆದ ವಾರ ಬಲಿ ಕೊಡಬೇಕಾದ ಕಾರ್ಡುಗಳನ್ನೆಲ್ಲ ಕೊಟ್ಟು ರೆಕ್ಕೆಯ ರಾಕ್ಷಸನನ್ನು ಕ್ರಮವಾಗಿ ಕರೆಸಿದ. ನಾನು ಅದನ್ನು ಕೊಂದೆ. ಅವನು ಎಬ್ಬಿಸುವ ಕಾರ್ಡನ್ನು ಮೆಲ್ಲಗೆ ಟೇಬಲ್ಲಿನ ಮೇಲಿಟ್ಟು, ರಾಕ್ಷಸನನ್ನು ಮುಟ್ಟದೆ ನನ್ನ ಮುಖ ನೋಡಿದ.

“ಇದಾಯ್ತದಾ ಮೇಷ್ಟ್ರೇ?”

ರೂಲಿನ ಪ್ರಕಾರ ಎಲ್ಲ ಸರಿಯಾಗಿತ್ತು. “ಆಯ್ತದೆ ಕಣ್ಲಾ,” ಎಂದೆ. ನನ್ನ ‘ಲಾ’ ಅಲ್ಲೇ ಟೇಬಲ್ಲಿನ ಮೇಲೆ ಉಳಿಯಿತು, ಅವನು ಅದನ್ನು ಎತ್ತಿಕೊಳ್ಳಲಿಲ್ಲ.