ಯಾರು ಯಾರನ್ನು ಕರೆದರು

ಹರಿಹರದ ಬಸ್ಸಿನಿಂದ ಇಳಿಯುವವರ ಮುಖಗಳನ್ನು ನಾನು ಇಂದಿಗೂ ನೋಡುತ್ತೇನೆ. ತೊಂಬತ್ತರ ದಶಕದ ಕೊನೆಯಲ್ಲಿ, ದಾವಣಗೆರೆಯ ನಮ್ಮ ಕಾಲೇಜಿಗೆ ಕಂಪ್ಯೂಟರ್ ಕಲಿಸಲು ಅದೇ ಬಸ್ಸಿನಲ್ಲಿ ಬರುತ್ತಿದ್ದ ತಾತ್ಕಾಲಿಕ ಉಪನ್ಯಾಸಕಿ ಅವರ ನಡುವೆ ಇರಬಹುದೆಂಬ ಆಸೆ.

ಪ್ರೋಗ್ರಾಂ ಕೆಟ್ಟರೆ ಅವರು ಯಾರನ್ನೂ ಬೈಯುತ್ತಿರಲಿಲ್ಲ. ಸೆರಗನ್ನು ಸೊಂಟಕ್ಕೆ ಸಿಕ್ಕಿಸಿ, ದೋಷಗಳನ್ನು ತೋರಿಸುವ ಬ್ರೌಸರಿನ ಕಿಟಕಿ, ಜಾವಾ ಕನ್ಸೋಲ್ ತೆರೆದು, "ಯಾರು ಯಾರ್ನ ಕರೆದ್ರು, ನೋಡ್ರಿ" ಎನ್ನುತ್ತಿದ್ದರು. ಅಲ್ಲಿ ಮೂಡುವ ಸ್ಟ್ಯಾಕ್ ಟ್ರೇಸಿನಲ್ಲಿ ಪ್ರೋಗ್ರಾಂ ಮುಗ್ಗರಿಸಿದ ಸಾಲು ಮೇಲಿರುತ್ತದೆ. ಅದನ್ನು ಕೆಲಸಕ್ಕೆ ಕರೆದ ಸಾಲುಗಳು ಒಂದರ ಕೆಳಗೊಂದು ಇರುತ್ತವೆ.

ಅವರೂ ನಾವು ವಿದ್ಯಾರ್ಥಿಗಳೂ ಸೇರಿ ಮಾಡಿದ ಕಾಲೇಜಿನ ವೆಬ್ ಪುಟವನ್ನು ಅತಿಥಿಗಳೆದುರು ತೆರೆದ ದಿನ ಪರದೆ ಬೂದುಬಣ್ಣದಲ್ಲೇ ನಿಂತಿತು. ಟ್ರೇಸಿನ ಮೊದಲ ಸಾಲಿನಲ್ಲಿ ನಾನು ಬರೆದ ಭಾಗದ ಹೆಸರಿತ್ತು.

"ನಿಂದೇ ಕೆಲ್ಸ ಇದು. ನಾಳಿಂದ ಲ್ಯಾಬಿಗೆ ಬರಬ್ಯಾಡ," ಎಂದರು ವಿಭಾಗದ ಮುಖ್ಯಸ್ಥರು.

"ತಡೀರಿ ಸರ್, ಅವಳು ಬಿದ್ದಾಳೆ ಅಷ್ಟೆ. ದೂಡ್ದೋರು ಕೆಳಗೆ ಅದಾರೆ," ಎಂದ ಉಪನ್ಯಾಸಕಿಯ ಬೆರಳು ಸಾಲುಸಾಲಾಗಿ ಇಳಿದು ಒಂದೆಡೆ ನಿಂತಿತು. "ಖಾಲಿ ಮಾಹಿತಿ ಕಳ್ಸಿದ್ದು ಈ ಸಾಲು. ಇದನ್ನ ಬರ್ದಿದ್ದು ನಾನು. ತಪ್ಪು ನಂದು."

"ಎಲ್ರ ಮುಂದೆ ಹಿಂಗಂದ್ರೆ ಹುಡುಗ್ರು ಏನ್ ಕಲೀತಾರ್ರಿ?"

"ಇದನ್ನೇ ಕಲೀಲಿ ಬಿಡ್ರಿ ಸರ್."

ನನಗೆ ಲ್ಯಾಬ್ ಉಳಿಯಿತು. ಮುಂದಿನ ವರ್ಷ ಉಪನ್ಯಾಸಕಿಯನ್ನು ಕೆಲಸದಲ್ಲಿ ಮುಂದುವರಿಸಲಿಲ್ಲ. ಅದು ಯಾರ ತೀರ್ಮಾನವೆಂದು ಕೇಳಿದೆ. ಮುಖ್ಯಸ್ಥರು ಪ್ರಾಂಶುಪಾಲರನ್ನು ತೋರಿಸಿದರು, ಪ್ರಾಂಶುಪಾಲರು ಆಡಳಿತ ಮಂಡಳಿಯನ್ನು. ಮಂಡಳಿಯ ಕಚೇರಿಯಲ್ಲಿ "ವಿಭಾಗದೋರೇ ಹೇಳಿದ್ದಮ್ಮ, ನಮಗೇನ್ ಗೊತ್ತೈತೆ" ಎಂದರು. ತಾನು ಮಾಡಿದ್ದನ್ನು ತನ್ನದೆಂದು ಒಪ್ಪಿಕೊಳ್ಳುವ ಒಬ್ಬ ಮನುಷ್ಯ ಅಷ್ಟು ದೊಡ್ಡ ಕಟ್ಟಡದಲ್ಲಿ ಸಿಗಲಿಲ್ಲ. ಇದ್ದ ಒಬ್ಬರನ್ನು ಆಗಲೇ ಕಳಿಸಿಬಿಟ್ಟಿದ್ದರು.